ನೆರಳು, ಕೀ ವಾಚು, ಸೋಲಾರ್: ಭಾನುವಾರದ ತರಗತಿಯ ಪಾಠಗಳು

ದಾಬಸ್‌ಪೇಟೆಯಲ್ಲಿ ಹೈಸ್ಕೂಲು ಮತ್ತು ಐಟಿಐ ಮಕ್ಕಳಿಗಾಗಿ ಭಾನುವಾರ ಬೆಳಗ್ಗೆ ಒಂದು ತರಗತಿ ನಡೆಸುತ್ತೇನೆ. ಹೊತ್ತನ್ನು ಅಳೆಯುವುದು ಹೇಗೆ, ಶಕ್ತಿಯನ್ನು ಕೂಡಿಡುವುದು ಹೇಗೆ, ಎರಡೇ ವಿಷಯ. ನೆರಳು ಗಡಿಯಾರ, ಕೀ ಕೊಡುವ ವಾಚು, ಸೋಲಾರ್ ಪ್ಯಾನೆಲ್, ಪಂಪ್‌ಸೆಟ್ಟು ಇವೇ ನಮ್ಮ ಪಠ್ಯ. ತಮ್ಮೂರಿನಲ್ಲೂ ಇಂಥದ್ದನ್ನು ಶುರುಮಾಡಬೇಕೆಂದು ಕೆಲವು ಮೇಷ್ಟ್ರುಗಳು ಕೇಳುತ್ತಿರುತ್ತಾರೆ. ನಾನು ಎಡವಿದ ಜಾಗಗಳು ಗೊತ್ತಿದ್ದರೆ ಅವರಿಗೆ ಸಿಮೆಂಟೂ ಉಳಿಯುತ್ತದೆ, ದಿನಗಳೂ ಉಳಿಯುತ್ತವೆ ಎಂದು ಇದನ್ನು ಬರೆಯುತ್ತಿದ್ದೇನೆ.

1. ಊರು ಬದಲಾದರೆ ಕೋನವೂ ಬದಲು

ನಮ್ಮ ಮೊದಲ ನೆರಳು ಗಡಿಯಾರವನ್ನು ದೆಹಲಿಯ ಪುಸ್ತಕವೊಂದರ ಚಿತ್ರ ನೋಡಿ ಕಟ್ಟಿಸಿದೆ. ನೆರಳು ಬೀಳಿಸುವ ಶಂಕುವಿನ ಓರೆ ಅಂಚು ನೆಲದ ಜೊತೆ ಮಾಡುವ ಕೋನ ಊರಿನ ಅಕ್ಷಾಂಶದಷ್ಟೇ ಇರಬೇಕು. ದೆಹಲಿಗೆ ಅದು 28 ಡಿಗ್ರಿ ದಾಟುತ್ತದೆ, ನಮಗೆ 13 ಚಿಲ್ಲರೆ. ಸಾಲದ್ದಕ್ಕೆ, ಶಿವಗಂಗೆ ಬೆಟ್ಟವನ್ನೇ ದಕ್ಷಿಣ ಎಂದುಕೊಂಡು ಶಂಕು ನಿಲ್ಲಿಸಿದ್ದೆ. ಬೆಟ್ಟ ನಮಗೆ ನೆಟ್ಟ ದಕ್ಷಿಣದಲ್ಲಿಲ್ಲ, ಪಶ್ಚಿಮಕ್ಕೆ ಕೊಂಚ ಸರಿದಿದೆ. ಇಡೀ ಕಟ್ಟೆ ಒಡೆಸಬೇಕಾಯಿತು.

ಈಗ ನೆಲ ಮಟ್ಟಮಾಡಿ, ಗಾರೆ ಕೆಲಸದವರ ತೂಗುಗುಂಡು ಹಿಡಿದು ನೆಟ್ಟಗೆ ಒಂದು ಕೋಲು ನಿಲ್ಲಿಸುತ್ತೇವೆ. ಬುಡವನ್ನು ಕೇಂದ್ರವಾಗಿಟ್ಟು ದಾರದಿಂದ ವೃತ್ತ ಎಳೆಯುತ್ತೇವೆ. ಬೆಳಗ್ಗೆ ನೆರಳಿನ ತುದಿ ವೃತ್ತದೊಳಗೆ ಬರುವಲ್ಲಿ ಒಂದು ಗುರುತು, ಮಧ್ಯಾಹ್ನದ ಮೇಲೆ ಹೊರಗೆ ಹೋಗುವಲ್ಲಿ ಇನ್ನೊಂದು. ಎರಡನ್ನೂ ಸೇರಿಸಿದರೆ ಪೂರ್ವ-ಪಶ್ಚಿಮ ಸಿಕ್ಕಿತು. ಸೂರ್ಯಸಿದ್ಧಾಂತದಲ್ಲೂ ಇದೇ ವಿಧಾನ ಇದೆ. ಒಂದು ದಿನ ಹಿಡಿಯುತ್ತದೆ, ಆದರೆ ಅಷ್ಟು ಹೊತ್ತು ನೆರಳನ್ನು ಕಾದ ಮಕ್ಕಳಿಗೆ ದಿಕ್ಕು ಮತ್ತೆ ಮರೆಯುವುದಿಲ್ಲ.

2. ವಾಚಿಗೆ ಹೊಂದಲೆಂದು ನೆರಳನ್ನು ತಿದ್ದಬೇಡಿ

ಎರಡನೇ ಗಡಿಯಾರ ಸರಿಯಾಗಿಯೇ ಇತ್ತು. ಫೆಬ್ರವರಿಯಲ್ಲಿ ಅದು ಹನ್ನೆರಡು ತೋರಿಸಿದಾಗ ವಾಚಿನಲ್ಲಿ 12.35. ಮಕ್ಕಳೆದುರು ಅವಮಾನವಾದಂತಾಗಿ, ರಾತ್ರೋರಾತ್ರಿ ಅಂಕಿಗಳನ್ನು ಅಳಿಸಿ ವಾಚಿಗೆ ತಕ್ಕಂತೆ ಮತ್ತೆ ಬರೆದೆ. ನವೆಂಬರಿಗೆ ಬರುವಷ್ಟರಲ್ಲಿ ಅದೇ ಗಡಿಯಾರ ಅರ್ಧ ಗಂಟೆ ಮುಂದಿತ್ತು.

ಭಾರತದ ಸಮಯ ಮಿರ್ಜಾಪುರದ ಬಳಿ ಹಾಯುವ 82.5 ಡಿಗ್ರಿ ರೇಖಾಂಶದ್ದು. ನಾವಿರುವುದು 77.2ರ ಸುಮಾರಿನಲ್ಲಿ. ಒಂದು ಡಿಗ್ರಿಗೆ 4 ನಿಮಿಷದಂತೆ ಸೂರ್ಯ ನಮ್ಮ ನೆತ್ತಿಯ ಗೆರೆಗೆ 21 ನಿಮಿಷ ತಡವಾಗಿ ಬರುತ್ತಾನೆ. ಇದರ ಮೇಲೆ, ಭೂಮಿಯ ದೀರ್ಘವೃತ್ತದ ದಾರಿ ಮತ್ತು ಅಕ್ಷದ ಓರೆಯಿಂದಾಗಿ ಫೆಬ್ರವರಿ ನಡುವಿನಲ್ಲಿ ಇನ್ನೂ 14 ನಿಮಿಷ ತಡ, ನವೆಂಬರ್ ಮೊದಲ ವಾರದಲ್ಲಿ 16 ನಿಮಿಷ ಬೇಗ. ಈಗ ಅಂಕಿಗಳನ್ನು ಮೊದಲಿನಂತೆ ಬರೆದು, ಪಕ್ಕದಲ್ಲಿ ತಿಂಗಳುವಾರು ಪಟ್ಟಿ ಹಚ್ಚಿದ್ದೇವೆ. ನಿಮ್ಮೂರಿನ ರೇಖಾಂಶವನ್ನು 82.5ರಿಂದ ಕಳೆದು 4ರಿಂದ ಗುಣಿಸಿ. ಹೊಸಕೋಟೆಗೆ 19 ನಿಮಿಷದ ಆಸುಪಾಸು ಬರುತ್ತದೆ, ಕಾರವಾರಕ್ಕೆ 33 ದಾಟುತ್ತದೆ.

3. ಬಿಚ್ಚುವ ಮುನ್ನ ಬಿಗಿ ಇಳಿಸಿ

ಎಚ್‌ಎಂಟಿ ಬೆಂಗಳೂರಿನಲ್ಲಿ ವಾಚು ಮಾಡಲು ಶುರುಮಾಡಿದ್ದು 1961ರಲ್ಲಿ, ಜಪಾನಿನ ಸಿಟಿಜನ್ ಕಂಪನಿಯ ನೆರವಿನಿಂದ. ಆಮೇಲೆ ತುಮಕೂರಿನಲ್ಲೂ ಕಾರ್ಖಾನೆ ಬಂತು. ಹಾಗಾಗಿ ನಮ್ಮ ಕಡೆ ಹಳೆಯ ‘ಜನತಾ’ ವಾಚುಗಳು ಮನೆಮನೆಯ ಟ್ರಂಕಿನಲ್ಲಿ ಸಿಗುತ್ತವೆ. ಒಂದನ್ನು ಹುಮ್ಮಸ್ಸಿನಲ್ಲಿ ಬಿಚ್ಚಿದೆ. ಪೂರ್ತಿ ಕೀ ಕೊಟ್ಟಿದ್ದ ಸ್ಪ್ರಿಂಗು ಸರ್ರನೆ ಬಿಚ್ಚಿಕೊಂಡು ಹಲ್ಲುಚಕ್ರ ಒಂದನ್ನು ಹಾಳುಮಾಡಿತು. ಅದು ವಿದ್ಯಾರ್ಥಿಯೊಬ್ಬನ ಅಜ್ಜನ ವಾಚು. ಆ ಮನೆಗೆ ಹೋಗಿ ಹೇಳುವುದು ಬಹಳ ಕಷ್ಟವಾಯಿತು. ವಾಚು ಕೆಲಸ ಬಲ್ಲ ಹಿರಿಯರೊಬ್ಬರು ಆಮೇಲೆ ಬಂದು, ಕಿರೀಟವನ್ನು ಬೆರಳಲ್ಲಿ ಹಿಡಿದು, ಸ್ಪ್ರಿಂಗು ಬಿಚ್ಚಿಕೊಳ್ಳದಂತೆ ತಡೆಯುವ ಕ್ಲಿಕ್ಕನ್ನು ಸೂಜಿಮೊನೆಯಿಂದ ಸರಿಸಿ, ಬಿಗಿಯನ್ನು ನಿಧಾನವಾಗಿ ಇಳಿಸುವುದನ್ನು ತೋರಿಸಿಕೊಟ್ಟರು. ಸೆಕೆಂಡಿಗೆ ಐದು ಟಿಕ್ಕಿನಂತೆ ಒಂದೂವರೆ ದಿನ ಓಡಿಸುವ ಶಕ್ತಿ ಆ ಸುರುಳಿಯಲ್ಲಿದೆ ಎಂಬುದು ಮಕ್ಕಳಿಗೆ ಅರ್ಥವಾದದ್ದು ಅವರ ಕೈ ನೋಡಿದ ಮೇಲೆ.

4. ಮೇ ತಿಂಗಳ ಬಿಸಿಲು ನೋಡಿ ಪ್ಯಾನೆಲ್ ಕೂರಿಸಬೇಡಿ

ಇದು ನನಗೆ ಹೆಚ್ಚು ಕಲಿಸಿದ ಸೋಲು. ತರಗತಿಯ ಚಾವಣಿ ಮೇಲೆ ಸೋಲಾರ್ ಹಾಕಿಸಿದ್ದು ಮೇ ತಿಂಗಳಲ್ಲಿ. ನೆರಳಿನ ಹನಿಯೂ ಇಲ್ಲದ ಜಾಗ ಹುಡುಕಿ ಕೂರಿಸಿದೆವು. ಪ್ಯಾನೆಲ್ಲಿನ ದಕ್ಷಿಣಕ್ಕೆ ಸಿಂಟೆಕ್ಸ್ ಟ್ಯಾಂಕು. ಮಳೆಗಾಲದವರೆಗೆ ಒಳ್ಳೆಯ ಕರೆಂಟು ಬಂತು. ಡಿಸೆಂಬರಿನಲ್ಲಿ, ಆಕಾಶ ಒಂದು ಮೋಡವೂ ಇಲ್ಲದೆ ಹೊಳೆಯುತ್ತಿದ್ದಾಗ, ಬ್ಯಾಟರಿ ತುಂಬುತ್ತಲೇ ಇರಲಿಲ್ಲ. ಹಾಕಿದವರನ್ನು ಕರೆಸಿ ಗೊಣಗಿದೆ, ಬ್ಯಾಟರಿ ಬದಲಿಸುವ ಮಾತೂ ಆಯಿತು.

ಟ್ಯಾಂಕಿನ ನೆರಳು ಪ್ಯಾನೆಲ್ಲಿನ ಕೆಳಮೂಲೆಗೆ ಒರಗಿದ್ದನ್ನು ಕಂಡದ್ದು ಒಂಬತ್ತನೇ ಕ್ಲಾಸಿನ ಹುಡುಗಿ. ಏಪ್ರಿಲ್ 25ರ ಸುಮಾರಿಗೆ ನಮ್ಮೂರಿನಲ್ಲಿ ಶೂನ್ಯ ನೆರಳಿನ ದಿನ. ಅಲ್ಲಿಂದ ಆಗಸ್ಟ್ 17-18ರವರೆಗೆ ನಡುಹಗಲಿನ ಸೂರ್ಯ ನಮಗಿಂತ ಉತ್ತರಕ್ಕಿರುತ್ತಾನೆ, ಟ್ಯಾಂಕಿನ ನೆರಳು ದಕ್ಷಿಣಕ್ಕೆ ಬೀಳುತ್ತದೆ. ಡಿಸೆಂಬರ್ ಕೊನೆಯ ಹೊತ್ತಿಗೆ ನಡುಹಗಲಲ್ಲೂ ಅವನು ಏರುವುದು ಸುಮಾರು 53 ಡಿಗ್ರಿಯಷ್ಟೇ. ಎಂಟಡಿ ಎತ್ತರಕ್ಕೆ ಹತ್ತಿರ ಹತ್ತಿರ ಆರಡಿ ನೆರಳು ಉತ್ತರಕ್ಕೆ ಚಾಚುತ್ತದೆ, ಬೆಳಗ್ಗೆ ಸಂಜೆ ಇನ್ನೂ ಉದ್ದ. ಪ್ಯಾನೆಲ್ಲಿನ ಕೋಶಗಳು ಒಂದಕ್ಕೊಂದು ಸರಣಿಯಲ್ಲಿ ಸೇರಿರುವುದರಿಂದ ಮೂಲೆಯ ನೆರಳು ಇಡೀ ಸಾಲಿನ ಕರೆಂಟನ್ನು ತಗ್ಗಿಸುತ್ತದೆ.

ಇದೆಲ್ಲ ಅಂಗಳದ ನೆರಳು ಗಡಿಯಾರದಲ್ಲಿ ಆಗಲೇ ಇತ್ತು. ಶಂಕುವಿನ 13 ಡಿಗ್ರಿಗೂ ಪ್ಯಾನೆಲ್ಲಿಗೆ ಕೊಡುವ ಓರೆಗೂ ಕಾರಣ ಒಂದೇ ಎಂದು ನಾನೇ ಪಾಠ ಮಾಡಿದ್ದೆ, ಆದರೆ ಚಾವಣಿ ಹತ್ತುವಾಗ ಅದನ್ನು ಜೊತೆಗೆ ಒಯ್ಯಲಿಲ್ಲ. ಈಗ ಹೊತ್ತಿನ ಪಾಠ, ಶಕ್ತಿಯ ಪಾಠ ಎಂದು ಬೇರೆ ಮಾಡುವುದನ್ನೇ ಬಿಟ್ಟಿದ್ದೇವೆ.

5. ಯೂನಿಟ್ಟನ್ನು ಮೋಟರಿನ ಬಳಿ ಕಲಿಸಿ

ವ್ಯಾಟು, ಜೂಲು ಎಂದು ಬೋರ್ಡಿನ ತುಂಬ ಬರೆದೆ. ಯಾರ ಮುಖದಲ್ಲೂ ಬೆಳಕಿಲ್ಲ. ಕೊನೆಗೆ ಒಬ್ಬ ಹುಡುಗ ಹೇಳಿದ: “ಸಾರ್, ನಮ್ಮಪ್ಪ ಯೂನಿಟ್ ಕೇಳಲ್ಲ. ತ್ರೀ ಫೇಸ್ ಎಷ್ಟೊತ್ತಿಗೆ ಬರುತ್ತೆ, ಎಷ್ಟೊತ್ತು ಇರುತ್ತೆ ಅಂತ ಕೇಳ್ತಾರೆ.” ಆ ಮಾತಿನಲ್ಲೇ ಪಾಠ ಇತ್ತು. 5 ಎಚ್‌ಪಿ ಮೋಟರು ಎಂದರೆ ಸುಮಾರು 3.7 ಕಿಲೋವ್ಯಾಟ್. 7 ಗಂಟೆ ಓಡಿದರೆ 26 ಯೂನಿಟ್, ಮೋಟರಿನೊಳಗಿನ ನಷ್ಟ ಬೇರೆ.

ಲೆಕ್ಕ ತಿಳಿದ ಮೇಲೆ ಮಕ್ಕಳು ಕೇಳಿದ ಪ್ರಶ್ನೆ ನನ್ನನ್ನು ಇನ್ನೂ ಬಿಟ್ಟಿಲ್ಲ. ನಮ್ಮದೇ ಪಕ್ಕದ ತುಮಕೂರು ಜಿಲ್ಲೆಯ ಪಾವಗಡದಲ್ಲಿ 13,000 ಎಕರೆಯಲ್ಲಿ 2,050 ಮೆಗಾವ್ಯಾಟ್ ಸೋಲಾರ್ ಇದೆ. ಅದು ಕರೆಂಟು ಮಾಡುವುದು ಹಗಲಲ್ಲಿ. ಹಾಗಿದ್ದ ಮೇಲೆ ಅಪ್ಪಂದಿರು ಟಾರ್ಚು ಹಿಡಿದು, ಹಾವಿನ ಭಯದಲ್ಲಿ, ರಾತ್ರಿ ಮೋಟರ್ ಹಾಕಲು ಏಕೆ ಹೋಗಬೇಕು? 2019ರಲ್ಲಿ ಶುರುವಾದ ಪಿಎಂ-ಕುಸುಮ್ ಯೋಜನೆಯಲ್ಲಿ ಕೃಷಿ ಫೀಡರುಗಳಿಗೇ ಸೌರ ವಿದ್ಯುತ್ ಕೊಡುವ ಭಾಗ ಇದೆ. ಅದು ಬೇಗ ಹಳ್ಳಿ ಮುಟ್ಟಲಿ ಎಂದು ನಾನು ಮನಸಾರೆ ಬಯಸುತ್ತೇನೆ.

ಸದ್ಯಕ್ಕೆ ಮಕ್ಕಳು ತಮ್ಮ ಮನೆಯ ತ್ರೀ ಫೇಸ್ ಬಂದ ಹೊತ್ತು, ಹೋದ ಹೊತ್ತು, ಅದೇ ದಿನ ನಮ್ಮ ಪ್ಯಾನೆಲ್ ಗಂಟೆಗಂಟೆಗೆ ಕೊಟ್ಟ ಕರೆಂಟು, ಎರಡನ್ನೂ ಒಂದೇ ಗ್ರಾಫ್ ಹಾಳೆಯಲ್ಲಿ ಎಳೆಯುತ್ತಿದ್ದಾರೆ. ನಿಮ್ಮ ತರಗತಿ ಶುರುವಾದರೆ ಇದೇ ಅಳತೆಯಲ್ಲಿ ಬರೆಸಿ. ಊರೂರಿನ ಹಾಳೆಗಳನ್ನು ಪಕ್ಕಪಕ್ಕ ಇಟ್ಟು ನೋಡಲು ಬರುತ್ತದೆ.