ಮಾಳಿಗೆ ಮನೆ: ಮರದ ಕಂಬ, ಮಣ್ಣಿನ ಸೂರು

ಮನೆಯ ಚಿತ್ರ ಬರೆಯಲು ಹೇಳಿದರೆ ಮಕ್ಕಳು ತ್ರಿಕೋನದ ಸೂರನ್ನೇ ಬರೆಯುವುದುಂಟು. ಚಿಪ್ಪಗಿರಿ ಸೀಮೆಯ ಹಳೆಯ ಮನೆಗಳ ಸೂರಾದರೋ ಸಮತಟ್ಟು. ವಿಜಯದಾಸರು 1755ರಲ್ಲಿ ದೇಹವಿಟ್ಟ ಊರೆಂದು ಚಿಪ್ಪಗಿರಿಯನ್ನು ಬಲ್ಲವರು ಹಲವರು. ಇಲ್ಲಿನ ಮಾಳಿಗೆ ಮನೆಯನ್ನು ಪಾಠಕ್ಕೆ ಯೋಗ್ಯವೆಂದು ಕಂಡವರು ವಿರಳ. ಆದವಾನಿ, ಆಲೂರು ತಾಲ್ಲೂಕುಗಳು 1953ರ ಅಕ್ಟೋಬರ್ 1ರಂದು ಬಳ್ಳಾರಿ ಜಿಲ್ಲೆಯಿಂದ ಬೇರ್ಪಟ್ಟು ಆಂಧ್ರಕ್ಕೆ ಸೇರಿದವು. ಗಡಿಯ ಎರಡೂ ಕಡೆ ಮನೆ ಕಟ್ಟುವ ಕ್ರಮ ಮಾತ್ರ ಒಂದೇ ಆಗಿ ಉಳಿಯಿತು.

ಎರೆನೆಲವು ಮಳೆಗೆ ಉಬ್ಬಿ ಬೇಸಿಗೆಗೆ ಬಿರಿಯುತ್ತದೆ. ಅದರ ಮೇಲಿನ ಗೋಡೆಯೂ ಬಿರುಕು ಬಿಡುತ್ತದೆ. ಸೂರಿನ ಭಾರವನ್ನು ಒಳಗಿನ ಮರದ ಕಂಬಗಳು ಹೊತ್ತಿರುವುದರಿಂದ ಗೋಡೆ ಸೀಳಿದರೂ ಮನೆ ನಿಲ್ಲುತ್ತದೆ. ಗೆದ್ದಲು ಹಾಗೂ ತೇವ ತಾಗದಂತೆ ಕಂಬದ ಬುಡಕ್ಕೆ ಅಡಿಗಲ್ಲು. ತಲೆಯ ಮೇಲೆ ಬೋದಿಗೆ, ಬೋದಿಗೆಯ ಮೇಲೆ ತೊಲೆ, ತೊಲೆಗೆ ಅಡ್ಡವಾಗಿ ಜಂತೆಗಳು, ಅವುಗಳ ಮೇಲೆ ಕಡ್ಡಿ, ಸೊಪ್ಪು, ಕೊನೆಗೆ ಚೌಳು ಮಣ್ಣು. ಬೆಳೆಗೆ ಒದಗದ ಈ ಕ್ಷಾರಮಣ್ಣೇ ಸೂರಿಗೆ ಶ್ರೇಷ್ಠ. ಇದರಲ್ಲಿ ಸೋಡಿಯಂ ಅಧಿಕ. ನೀರು ಬಿದ್ದೊಡನೆ ಜೇಡಿಯ ಸೂಕ್ಷ್ಮಕಣಗಳು ಬಿಡಿಬಿಡಿಯಾಗಿ ರಂಧ್ರಗಳನ್ನು ಮುಚ್ಚುತ್ತವೆ, ನೀರು ಕೆಳಗಿಳಿಯದು. ವಿಜ್ಞಾನದ ಶಿಕ್ಷಕರು ಎರಡು ಕುಡಿಕೆಗಳಲ್ಲಿ ಮರಳನ್ನೂ ಚೌಳನ್ನೂ ತುಂಬಿ ನೀರೆರೆದು ಇದನ್ನು ತೋರಿಸಬಹುದು. ಬೆಳಕಿಗೆ ಸೂರಿನಲ್ಲೊಂದು ಗವಾಕ್ಷಿ. ಮಳೆ ಬಂದಾಗ ಅದನ್ನು ಮುಚ್ಚಲು ಯಾರಾದರೂ ಮಾಳಿಗೆ ಹತ್ತಲೇಬೇಕು!

ಭಾಷಾಪಾಠಕ್ಕೆ ಇಲ್ಲಿ ಇನ್ನೂ ಹೆಚ್ಚಿನ ಸಾಮಗ್ರಿಯಿದೆ. ಕಂಬದಿಂದ ಕಂಬಕ್ಕಿರುವ ಅವಕಾಶವೇ ಅಂಕಣ. ಮನೆಯ ಗಾತ್ರವನ್ನು ಹೇಳುತ್ತಿದ್ದುದು ಅಂಕಣಗಳ ಲೆಕ್ಕದಲ್ಲಿ. ಪತ್ರಿಕೆಯ ಅಂಕಣವೂ ಇದೇ ಶಬ್ದ. ತೆಲುಗಿನಲ್ಲಿಯೂ ‘ಅಂಕಣಂ’ ಅಳತೆಯ ಮಾತಾಗಿ ಬಳಕೆಯಲ್ಲಿದೆ. ಮಗು ಮಾಳಿಗೆಗೆ ‘ಮಿದ್ದೆ’, ತೊಲೆಗೆ ‘ದೂಲಂ’, ಹೊಸ್ತಿಲಿಗೆ ‘ಗಡಪ’ ಎಂದರೆ ಅದನ್ನು ತಪ್ಪೆಂದು ತಿದ್ದುವುದು ಸರಿಯಲ್ಲ. ಎರಡೂ ಶಬ್ದಗಳನ್ನು ಹಲಗೆಯ ಮೇಲೆ ಅಕ್ಕಪಕ್ಕ ಬರೆಯಬೇಕು. ‘ಅಂಕಣ’ ಎರಡೂ ಸಾಲಿನಲ್ಲಿ ಬರುವುದನ್ನು ಮಕ್ಕಳೇ ಗುರುತಿಸಲಿ. ಕಾಂಕ್ರೀಟ್ ಮನೆಯಲ್ಲಿ ಬೋದಿಗೆಗೆ ಸ್ಥಳವಿಲ್ಲ. ಆದ್ದರಿಂದ ಆ ಹೆಸರನ್ನು ಅಜ್ಜ ಅಜ್ಜಿಯರಿಂದ ಈಗಲೇ ಕೇಳಿ ಬರೆದುಕೊಳ್ಳುವುದು ಉಚಿತ.

ಮಳೆಗಾಲಕ್ಕೆ ಮುನ್ನ ಪ್ರತಿವರ್ಷ ಹೊಸ ಚೌಳು ಹಾಕುವ ರೂಢಿಯಿಂದ ಸೂರಿನ ಭಾರ ಬೆಳೆಯುತ್ತದೆ. ಹಳೆಯ ಪದರವನ್ನು ತೆಗೆಯದಿದ್ದರೆ ಜಂತೆಗಳು ಬಾಗುತ್ತವೆ. ಮಕ್ಕಳನ್ನು ಮನೆ ನೋಡಲು ಕರೆದೊಯ್ಯುವ ಶಿಕ್ಷಕರು ಮೊದಲು ಜಂತೆಗಳನ್ನು ಪರೀಕ್ಷಿಸಬೇಕು. ಮಳೆ ನಿಂತ ಮರುದಿನ ಹೋಗಬಾರದು, ಯಾವ ದಿನವೂ ಮಕ್ಕಳನ್ನು ಮಾಳಿಗೆ ಹತ್ತಿಸಬಾರದು.