ಪಂದ್ಯವಲ್ಲ, ಗೆಲುವು ಎಣಿಸಿ: ಬೇಸ್‌ಬಾಲ್ ಪ್ಲೇಆಫ್ ಅರ್ಥ ಮಾಡಿಕೊಳ್ಳಲು ಏಳು ಹಂತ

2025ರ ಸೆಪ್ಟೆಂಬರ್ 28ರಂದು ಅಮೆರಿಕದ ಮೇಜರ್ ಲೀಗ್ ಬೇಸ್‌ಬಾಲ್‌ನ ಲೀಗ್ ಹಂತ ಮುಗಿದಾಗ ಟೊರೊಂಟೊ ಬ್ಲೂ ಜೇಸ್ 162 ಪಂದ್ಯಗಳಲ್ಲಿ 94 ಗೆದ್ದಿತ್ತು. ನ್ಯೂಯಾರ್ಕ್ ಯಾಂಕೀಸ್ ಗೆದ್ದದ್ದೂ ಅಷ್ಟೇ, 94. ಆದರೂ ಟೊರೊಂಟೊ ಆಟಗಾರರಿಗೆ ಐದು ದಿನಗಳ ಬಿಡುವು ಸಿಕ್ಕಿತು. ಯಾಂಕೀಸ್ ಮಾತ್ರ ಸೆಪ್ಟೆಂಬರ್ 30ರಂದೇ ಮತ್ತೆ ಕಣಕ್ಕಿಳಿಯಬೇಕಾಯಿತು. ಅಲ್ಲಿ ಎರಡು ಪಂದ್ಯ ಸೋತರೆ ಆರು ತಿಂಗಳ ದುಡಿಮೆ ನೀರುಪಾಲು.

ಇಂಥ ವ್ಯತ್ಯಾಸ ಹುಟ್ಟುವುದು ಪ್ಲೇಆಫ್‌ನ ನಿಯಮಗಳಿಂದ. ಕ್ರಿಕೆಟ್ ನೋಡಿ ಬೆಳೆದವರಿಗೆ ಈ ವ್ಯವಸ್ಥೆ ಮೊದಲಿಗೆ ಗೋಜಲು ಅನಿಸಬಹುದು. ಹಂತ ಹಂತವಾಗಿ ಬಿಡಿಸಿಕೊಂಡರೆ ಅದರ ಹಿಂದಿನ ತರ್ಕ ಸರಳ: ಆರು ತಿಂಗಳು ಚೆನ್ನಾಗಿ ಆಡಿದವರಿಗೆ ಒಂದಿಷ್ಟು ಅನುಕೂಲ ಮಾಡಿಕೊಡಬೇಕು, ಆದರೆ ಪ್ರಶಸ್ತಿಯನ್ನು ಅವರ ಕೈಗೇ ಇಟ್ಟುಬಿಡಬಾರದು.

ಹಂತ 1: ಮೂವತ್ತರಿಂದ ಹನ್ನೆರಡಕ್ಕೆ

ಮೇಜರ್ ಲೀಗ್‌ನಲ್ಲಿ 30 ತಂಡಗಳಿವೆ. ಅಮೆರಿಕನ್ ಲೀಗ್‌ನಲ್ಲಿ 15, ನ್ಯಾಷನಲ್ ಲೀಗ್‌ನಲ್ಲಿ 15. ಪ್ರತಿ ಲೀಗ್‌ನಲ್ಲೂ ಪೂರ್ವ, ಮಧ್ಯ, ಪಶ್ಚಿಮ ಎಂಬ ಮೂರು ವಿಭಾಗಗಳು; ಒಂದೊಂದರಲ್ಲಿ ಐದು ತಂಡಗಳು.

ವಿಭಾಗದ ಅಗ್ರಸ್ಥಾನಿಗೆ ಪ್ಲೇಆಫ್‌ಗೆ ನೇರ ಪ್ರವೇಶ. ಹಾಗೆ ಒಂದು ಲೀಗ್‌ನಿಂದ ಮೂರು ತಂಡ. ಉಳಿದ ಹನ್ನೆರಡರಲ್ಲಿ ಹೆಚ್ಚು ಗೆದ್ದ ಮೂರಕ್ಕೆ ‘ವೈಲ್ಡ್ ಕಾರ್ಡ್’. ಅಲ್ಲಿಗೆ ಲೀಗ್‌ಗೆ ಆರು, ಒಟ್ಟು ಹನ್ನೆರಡು. ಈ ಪದ್ಧತಿ ಜಾರಿಗೆ ಬಂದದ್ದು 2022ರಲ್ಲಿ.

ಇಬ್ಬರ ಗೆಲುವು ಸಮವಾದರೆ ಮೊದಲು ನೋಡುವುದು ಅವರ ನಡುವಿನ ಮುಖಾಮುಖಿ ದಾಖಲೆ. ಅದೂ ಸಮವಾದರೆ ತಂತಮ್ಮ ವಿಭಾಗದೊಳಗಿನ ಸಾಧನೆ. 2025ರಲ್ಲಿ ಬ್ಲೂ ಜೇಸ್ ಮತ್ತು ಯಾಂಕೀಸ್ 13 ಬಾರಿ ಎದುರಾಗಿದ್ದವು. ಟೊರೊಂಟೊ ಎಂಟು ಗೆದ್ದಿತ್ತು. ಅಷ್ಟಕ್ಕೇ ಅದು ವಿಭಾಗದ ಒಡೆಯ, ಯಾಂಕೀಸ್ ವೈಲ್ಡ್ ಕಾರ್ಡ್. ಅದೇ ವರ್ಷ ನ್ಯೂಯಾರ್ಕ್ ಮೆಟ್ಸ್ ಪಾಡು ಇನ್ನೂ ಕಷ್ಟದ್ದು. ಸಿನ್ಸಿನಾಟಿ ರೆಡ್ಸ್‌ನಂತೆ ಅದೂ 83 ಗೆದ್ದಿತ್ತು. ಮುಖಾಮುಖಿಯಲ್ಲಿ ಹಿಂದೆ ಬಿದ್ದದ್ದರಿಂದ ಪ್ಲೇಆಫ್ ಬಾಗಿಲೇ ಮುಚ್ಚಿತು. 2022ಕ್ಕೆ ಮೊದಲು ಇಂಥ ಸಂದರ್ಭದಲ್ಲಿ ಹೆಚ್ಚುವರಿ ಪಂದ್ಯವೊಂದನ್ನು ಆಡಿಸುವ ರೂಢಿಯಿತ್ತು, ಈಗ ಅದಿಲ್ಲ.

ಹಂತ 2: ಶ್ರೇಯಾಂಕ ಓದಿ

ಆರು ತಂಡಗಳಿಗೆ 1ರಿಂದ 6ರವರೆಗೆ ಶ್ರೇಯಾಂಕ. ಹೊಸಬರು ಎಡವುವುದು ಇಲ್ಲಿಯೇ. ಮೊದಲ ಮೂರು ಸ್ಥಾನ ವಿಭಾಗ ವಿಜೇತರಿಗೆ ಮೀಸಲು. ನಾಲ್ಕರಿಂದ ಆರು ವೈಲ್ಡ್ ಕಾರ್ಡ್‌ಗಳಿಗೆ. ಹೀಗಾಗಿ ಹೆಚ್ಚು ಗೆದ್ದ ತಂಡ ಕೆಳಗಿರಬಹುದು. 2025ರ ಅಮೆರಿಕನ್ ಲೀಗ್‌ನಲ್ಲಿ 88 ಗೆದ್ದ ಕ್ಲೀವ್‌ಲ್ಯಾಂಡ್ ಗಾರ್ಡಿಯನ್ಸ್‌ಗೆ 3ನೇ ಶ್ರೇಯಾಂಕ, 94 ಗೆದ್ದ ಯಾಂಕೀಸ್‌ಗೆ 4ನೆಯದು.

1 ಮತ್ತು 2ನೇ ಶ್ರೇಯಾಂಕದವರಿಗೆ ಮೊದಲ ಸುತ್ತಿನಲ್ಲಿ ‘ಬೈ’, ಅಂದರೆ ಆಡದೆಯೇ ಎರಡನೇ ಸುತ್ತಿಗೆ ಪ್ರವೇಶ. ಐಪಿಎಲ್‌ನಲ್ಲಿ ಅಗ್ರ ಎರಡು ತಂಡಗಳಿಗೆ ಫೈನಲ್ ತಲುಪಲು ಎರಡು ಅವಕಾಶ ಇರುತ್ತದಲ್ಲ, ಬೇಸ್‌ಬಾಲ್‌ನಲ್ಲಿ ಆ ಬಹುಮಾನ ವಿಶ್ರಾಂತಿಯ ರೂಪದಲ್ಲಿ ಸಿಗುತ್ತದೆ. ಎರಡನೇ ಅವಕಾಶ ಯಾರಿಗೂ ಇಲ್ಲ.

ಹಂತ 3: ನಾಲ್ಕು ಮೆಟ್ಟಿಲು

* ವೈಲ್ಡ್ ಕಾರ್ಡ್ ಸರಣಿ: ಮೂರು ಪಂದ್ಯ, ಎರಡು ಗೆಲುವು ಬೇಕು. 3ನೇ ಶ್ರೇಯಾಂಕಕ್ಕೆ 6, 4ಕ್ಕೆ 5 ಎದುರಾಳಿ.
* ಡಿವಿಷನ್ ಸರಣಿ: ಐದು ಪಂದ್ಯ, ಮೂರು ಗೆಲುವು ಬೇಕು.
* ಲೀಗ್ ಚಾಂಪಿಯನ್‌ಷಿಪ್ ಸರಣಿ: ಏಳು ಪಂದ್ಯ, ನಾಲ್ಕು ಗೆಲುವು ಬೇಕು.
* ವರ್ಲ್ಡ್ ಸೀರೀಸ್: ಎರಡು ಲೀಗ್‌ಗಳ ಚಾಂಪಿಯನ್‌ಗಳ ನಡುವೆ. ಏಳು ಪಂದ್ಯ, ನಾಲ್ಕು ಗೆಲುವು.

ಪಂದ್ಯಗಳ ಸಂಖ್ಯೆಗಿಂತ ಬೇಕಾದ ಗೆಲುವುಗಳ ಸಂಖ್ಯೆಯನ್ನು ನೆನಪಿಡಿ. ಅಷ್ಟು ಗೆಲುವು ಒಬ್ಬರಿಗೆ ಸಿಕ್ಕ ಕ್ಷಣಕ್ಕೆ ಸರಣಿ ಮುಗಿಯಿತು. ಬಾಕಿ ಪಂದ್ಯ ಆಡುವುದಿಲ್ಲ. ವೇಳಾಪಟ್ಟಿಯಲ್ಲಿ ಕೆಲವು ಪಂದ್ಯಗಳ ಮುಂದೆ ನಕ್ಷತ್ರ ಚಿಹ್ನೆ ಕಾಣುತ್ತದೆ. ಅಗತ್ಯ ಬಿದ್ದರೆ ಮಾತ್ರ ನಡೆಯುವ ಪಂದ್ಯಗಳು ಅವು.

ಮುಂದಿನ ಎದುರಾಳಿ ಯಾರೆಂಬುದೂ ಮೊದಲೇ ನಿಗದಿ. 4 ಮತ್ತು 5ರಲ್ಲಿ ಗೆದ್ದವರು 1ನೇ ಶ್ರೇಯಾಂಕದವರನ್ನು, 3 ಮತ್ತು 6ರಲ್ಲಿ ಗೆದ್ದವರು 2ನೆಯವರನ್ನು ಎದುರಿಸುತ್ತಾರೆ. ಯಾರು ಗೆದ್ದರೂ ಶ್ರೇಯಾಂಕವನ್ನು ಮತ್ತೆ ಜೋಡಿಸುವುದಿಲ್ಲ. ಹಾಗಾಗಿ ಆರಂಭದ ದಿನವೇ ಇಡೀ ಪಟ್ಟಿಯನ್ನು ಕಾಗದದ ಮೇಲೆ ಬರೆದಿಟ್ಟುಕೊಳ್ಳಬಹುದು. 2025ರಲ್ಲಿ ಯಾಂಕೀಸ್ 2–1ರಿಂದ ಬಾಸ್ಟನ್ ರೆಡ್ ಸಾಕ್ಸ್ ತಂಡವನ್ನು ದಾಟಿ ಬಂದಾಗ ಎದುರಿಗೆ ನಿಂತಿದ್ದು ವಿಶ್ರಾಂತಿ ಪಡೆದ ಬ್ಲೂ ಜೇಸ್. ಟೊರೊಂಟೊ 3–1ರಿಂದ ಗೆದ್ದಿತು.

ಹಂತ 4: ಪಂದ್ಯ ಯಾರ ಅಂಗಳದಲ್ಲಿ?

ವೈಲ್ಡ್ ಕಾರ್ಡ್ ಸರಣಿಯ ಮೂರೂ ಪಂದ್ಯ ಮೇಲಿನ ಶ್ರೇಯಾಂಕದವರ ತವರಿನಲ್ಲೇ. ಕೆಳಗಿನವರಿಗೆ ಸ್ವಂತ ಅಭಿಮಾನಿಗಳ ಮುಂದೆ ಆಡುವ ಅವಕಾಶ ಒಂದೂ ಇಲ್ಲ.

ಡಿವಿಷನ್ ಸರಣಿಯದು 2–2–1 ಲೆಕ್ಕ. ಮೊದಲೆರಡು ಪಂದ್ಯ ಮೇಲಿನವರ ತವರು, ನಂತರದ ಎರಡು ಕೆಳಗಿನವರದ್ದು, ಐದನೆಯದು ಮತ್ತೆ ಮೇಲಿನವರದ್ದು. ಏಳು ಪಂದ್ಯಗಳ ಸರಣಿಗಳಲ್ಲಿ 2–3–2. ಊರು ಬದಲಾಗುವಾಗ ನಡುವೆ ಬಿಡುವಿನ ದಿನ.

ವರ್ಲ್ಡ್ ಸೀರೀಸ್‌ನಲ್ಲಿ ಶ್ರೇಯಾಂಕ ಲೆಕ್ಕಕ್ಕಿಲ್ಲ. ಲೀಗ್ ಹಂತದಲ್ಲಿ ಹೆಚ್ಚು ಗೆದ್ದವರಿಗೆ ತವರಿನ ಲಾಭ. 2017ರಿಂದ ಈ ನಿಯಮವಿದೆ. ಅದಕ್ಕೆ ಮೊದಲು, 2003ರಿಂದ 2016ರವರೆಗೆ, ಜುಲೈನಲ್ಲಿ ನಡೆಯುವ ಆಲ್‌ಸ್ಟಾರ್ ಪಂದ್ಯವನ್ನು ಯಾವ ಲೀಗ್ ಗೆಲ್ಲುತ್ತದೋ ಆ ಲೀಗ್‌ನ ಚಾಂಪಿಯನ್‌ಗೆ ಈ ಲಾಭ ಸಿಗುತ್ತಿತ್ತು. 2025ರಲ್ಲಿ ಟೊರೊಂಟೊ 94, ಲಾಸ್ ಏಂಜಲೀಸ್ ಡಾಜರ್ಸ್ 93. ಆ ಒಂದು ಗೆಲುವಿನ ಅಂತರದಿಂದಾಗಿ ಏಳನೇ ಪಂದ್ಯ ಟೊರೊಂಟೊದಲ್ಲಿ ನಡೆಯಿತು.

ತವರಿನ ತಂಡ ಪ್ರತಿ ಇನಿಂಗ್ಸ್‌ನಲ್ಲೂ ಎರಡನೆಯದಾಗಿ ಬ್ಯಾಟ್ ಮಾಡುತ್ತದೆ. ಎಷ್ಟು ರನ್ ಬೇಕೆಂದು ತಿಳಿದು ಆಡುವ ಈ ಅನುಕೂಲ ಸಣ್ಣದಲ್ಲ. ಹಾಗೆಂದು ಅದೇ ಗೆಲ್ಲಿಸುತ್ತದೆ ಎನ್ನುವಂತೆಯೂ ಇಲ್ಲ. 2019ರ ವರ್ಲ್ಡ್ ಸೀರೀಸ್‌ನಲ್ಲಿ ಏಳಕ್ಕೆ ಏಳೂ ಪಂದ್ಯವನ್ನು ಪ್ರವಾಸಿ ತಂಡವೇ ಗೆದ್ದಿತು. ವಾಷಿಂಗ್ಟನ್ ನ್ಯಾಷನಲ್ಸ್ ತನ್ನ ಊರಿನಲ್ಲಿ ಮೂರೂ ಸೋತು, ಹ್ಯೂಸ್ಟನ್‌ನಲ್ಲಿ ನಾಲ್ಕೂ ಗೆದ್ದು ಕಿರೀಟ ತೊಟ್ಟಿತು. 2025ರಲ್ಲೂ ಅಷ್ಟೇ. ಡಾಜರ್ಸ್ ಕೊನೆಯ ಎರಡು ಪಂದ್ಯಗಳನ್ನು ಟೊರೊಂಟೊದಲ್ಲೇ ಗೆದ್ದು 4–3ರಿಂದ ಪ್ರಶಸ್ತಿ ಉಳಿಸಿಕೊಂಡಿತು.

ಹಂತ 5: ಒಂದೇ ಪಂದ್ಯ ಯಾಕೆ ಸಾಲದು?

ಬೇಸ್‌ಬಾಲ್‌ನಲ್ಲಿ ಬಲಶಾಲಿ ಮತ್ತು ದುರ್ಬಲರ ನಡುವಿನ ಅಂತರ ಒಂದು ದಿನದ ಆಟದಲ್ಲಿ ಕಾಣುವುದು ಕಡಿಮೆ. 2025ರಲ್ಲಿ ಎಲ್ಲರಿಗಿಂತ ಹೆಚ್ಚು ಗೆದ್ದ ಮಿಲ್ವಾಕಿ ಬ್ರೂವರ್ಸ್ ಗೆಲುವು 97. ಅಂದರೆ ಹತ್ತು ಪಂದ್ಯಕ್ಕೆ ಸುಮಾರು ಆರು. ಅಗ್ರ ತಂಡವೇ ಹತ್ತರಲ್ಲಿ ನಾಲ್ಕು ಸೋಲುವ ಆಟದಲ್ಲಿ ಒಂದೇ ಪಂದ್ಯದಿಂದ ಶ್ರೇಷ್ಠರನ್ನು ಆರಿಸುವುದು ನಾಣ್ಯ ಚಿಮ್ಮಿದಂತೆ.

ಒಂದು ಸಣ್ಣ ಲೆಕ್ಕ ಹಾಕೋಣ. ಎದುರಾಳಿಯ ವಿರುದ್ಧ ನೂರು ಪಂದ್ಯ ಆಡಿದರೆ 55 ಗೆಲ್ಲುವ ತಂಡ ಎಂದಿಟ್ಟುಕೊಳ್ಳಿ. ಮೂರು ಪಂದ್ಯಗಳ ಸರಣಿಯನ್ನು ಅದು ಗೆಲ್ಲುವ ಸಾಧ್ಯತೆ ಶೇ 57.5ರಷ್ಟು. ಐದರಲ್ಲಿ ಅದು ಶೇ 59, ಏಳರಲ್ಲಿ ಶೇ 61. ಸರಣಿ ಉದ್ದವಾದಷ್ಟೂ ಅದೃಷ್ಟದ ಪಾಲು ಇಳಿಯುತ್ತದೆ, ಆದರೆ ಬಹಳ ನಿಧಾನವಾಗಿ. ಏಳು ಪಂದ್ಯ ಆಡಿಸಿದರೂ ದುರ್ಬಲ ತಂಡಕ್ಕೆ ನೂರಕ್ಕೆ ಮೂವತ್ತೊಂಬತ್ತರಷ್ಟು ಆಸೆ ಉಳಿದೇ ಇರುತ್ತದೆ.

2023ರಲ್ಲಿ ಆದದ್ದೂ ಇದೇ. ‘ಬೈ’ ಪಡೆದ ನಾಲ್ಕು ತಂಡಗಳಲ್ಲಿ ಮೂರು ಡಿವಿಷನ್ ಸರಣಿಯಲ್ಲೇ ಗಂಟುಮೂಟೆ ಕಟ್ಟಿದವು: 104 ಗೆದ್ದಿದ್ದ ಅಟ್ಲಾಂಟಾ, 101 ಗೆದ್ದಿದ್ದ ಬಾಲ್ಟಿಮೋರ್, 100 ಗೆದ್ದಿದ್ದ ಡಾಜರ್ಸ್. ವರ್ಲ್ಡ್ ಸೀರೀಸ್ ಆಡಿದ್ದು 90 ಗೆದ್ದಿದ್ದ ಟೆಕ್ಸಸ್ ರೇಂಜರ್ಸ್ ಮತ್ತು 84 ಗೆದ್ದಿದ್ದ ಅರಿಜೋನಾ ಡೈಮಂಡ್‌ಬ್ಯಾಕ್ಸ್. ಒಂದು 5ನೇ ಶ್ರೇಯಾಂಕ, ಇನ್ನೊಂದು 6. ಅಷ್ಟು ದಿನ ಆಡದೆ ಕೂತರೆ ಬ್ಯಾಟರ್‌ಗಳ ಲಯ ಕೆಡುತ್ತದೆ ಎಂಬ ವಾದ ಆಗ ಜೋರಾಯಿತು. ಮೂರು ಅಥವಾ ಐದು ಪಂದ್ಯಗಳ ಸರಣಿಯಲ್ಲಿ ಇಂಥ ಫಲಿತಾಂಶ ಸಹಜ ಎಂಬ ಉತ್ತರವೂ ಬಂತು. ಮೇಲಿನ ಲೆಕ್ಕ ನೋಡಿದರೆ ಎರಡನೆಯ ಮಾತನ್ನು ತಳ್ಳಿಹಾಕುವುದು ಕಷ್ಟ.

ಹಂತ 6: ಪಿಚರ್ ಯಾರೆಂದು ನೋಡಿ

ಲೀಗ್ ಹಂತದಲ್ಲಿ ಆರಂಭಿಕ ಪಿಚರ್ (ಪಂದ್ಯದ ಮೊದಲಿನಿಂದ ಚೆಂಡೆಸೆಯುವವರು) ಒಮ್ಮೆ ಆಡಿದರೆ ಸಾಮಾನ್ಯವಾಗಿ ನಾಲ್ಕೈದು ದಿನ ವಿಶ್ರಾಂತಿ. ಆದ್ದರಿಂದ ತಂಡಕ್ಕೆ ಐವರು ಬೇಕು. ಪ್ಲೇಆಫ್‌ನಲ್ಲಿ ಬಿಡುವಿನ ದಿನ ಹೆಚ್ಚು. ಮೂವರು ಅಥವಾ ನಾಲ್ವರಲ್ಲೇ ನಿಭಾಯಿಸಬಹುದು. ಒಬ್ಬ ಅಸಾಧಾರಣ ಪಿಚರ್ ಏಳು ಪಂದ್ಯಗಳ ಸರಣಿಯ ದಿಕ್ಕನ್ನೇ ತಿರುಗಿಸುವುದು ಹೀಗೆ. ವೈಲ್ಡ್ ಕಾರ್ಡ್ ಸುತ್ತಿನಲ್ಲಿ ಆಡಿ ಬಂದವರು ತಮ್ಮ ಉತ್ತಮ ಪಿಚರ್‌ಗಳನ್ನು ಅಲ್ಲೇ ಖರ್ಚು ಮಾಡಿರುತ್ತಾರೆ. ‘ಬೈ’ನ ನಿಜವಾದ ಬೆಲೆ ಇರುವುದು ಇಲ್ಲಿ.

2025ರ ವರ್ಲ್ಡ್ ಸೀರೀಸ್‌ನಲ್ಲಿ ಡಾಜರ್ಸ್‌ನ ಜಪಾನಿ ಪಿಚರ್ ಯೋಶಿನೊಬು ಯಮಮೊಟೊ ಎರಡನೇ ಪಂದ್ಯವನ್ನು ಪೂರ್ತಿ ಒಬ್ಬರೇ ಮುಗಿಸಿದರು. ಆರನೆಯದರಲ್ಲಿ 96 ಎಸೆತ ಎಸೆದು ಗೆಲ್ಲಿಸಿದರು. ಮಾರನೆಯ ದಿನವೇ ಏಳನೇ ಪಂದ್ಯದ ಕೊನೆಯಲ್ಲಿ ಮತ್ತೆ ಚೆಂಡು ಹಿಡಿದು 11ನೇ ಇನಿಂಗ್ಸ್‌ವರೆಗೆ ಎಸೆದರು. ಡಾಜರ್ಸ್‌ನ ನಾಲ್ಕು ಗೆಲುವುಗಳಲ್ಲಿ ಮೂರು ಅವರ ಹೆಸರಿಗೆ. ಲೀಗ್ ಹಂತದಲ್ಲಿ ಯಾವ ಮ್ಯಾನೇಜರ್ ಕೂಡ ಹೀಗೆ ಮಾಡಲಾರ. ನಾಳೆ ಎಂಬುದೇ ಇಲ್ಲದ ಪಂದ್ಯದಲ್ಲಿ ಮಾತ್ರ ಇದು ಸಾಧ್ಯ.

ಹಂತ 7: ಬದಲಾಗುವ ನಿಯಮಗಳು

ಲೀಗ್ ಹಂತದಲ್ಲಿ ಒಂಬತ್ತು ಇನಿಂಗ್ಸ್‌ಗೆ ಪಂದ್ಯ ಸಮವಾದರೆ ಹತ್ತನೆಯದರಿಂದ ಎರಡನೇ ಬೇಸ್‌ನಲ್ಲಿ ಓಟಗಾರನೊಬ್ಬನನ್ನು ನಿಲ್ಲಿಸಿ ಆಟ ಶುರುಮಾಡುತ್ತಾರೆ. ಬೇಗ ಮುಗಿಯಲಿ ಎಂದು 2020ರಲ್ಲಿ ತಂದ ಉಪಾಯ ಇದು. ಪ್ಲೇಆಫ್‌ನಲ್ಲಿ ಈ ರಿಯಾಯಿತಿ ಇಲ್ಲ. ಎಷ್ಟು ಹೊತ್ತಾದರೂ ಆಡಬೇಕು. 2025ರ ವರ್ಲ್ಡ್ ಸೀರೀಸ್‌ನ ಮೂರನೇ ಪಂದ್ಯ 18 ಇನಿಂಗ್ಸ್ ಎಳೆದು 6 ಗಂಟೆ 39 ನಿಮಿಷ ನಡೆಯಿತು. ಫ್ರೆಡ್ಡಿ ಫ್ರೀಮನ್ ಹೊಡೆದ ಹೋಮ್ ರನ್ ಅದಕ್ಕೆ ತೆರೆ ಎಳೆಯಿತು.

ಮಳೆಯ ವಿಚಾರದಲ್ಲೂ ನಿಯಮ ಬೇರೆ. ಲೀಗ್ ಹಂತದಲ್ಲಿ ಐದು ಇನಿಂಗ್ಸ್ ಮುಗಿದಿದ್ದರೆ ಮಳೆಗೆ ನಿಂತ ಪಂದ್ಯಕ್ಕೂ ಫಲಿತಾಂಶ ಕೊಡಬಹುದು. ಪ್ಲೇಆಫ್ ಪಂದ್ಯ ನಿಂತರೆ ನಿಂತಲ್ಲಿಂದಲೇ ಮುಂದುವರಿಸಿ ಪೂರ್ತಿ ಮಾಡಬೇಕು. 2008ರಲ್ಲಿ ಫಿಲಡೆಲ್ಫಿಯಾದಲ್ಲಿ ವರ್ಲ್ಡ್ ಸೀರೀಸ್‌ನ ಐದನೇ ಪಂದ್ಯ 2–2ರಲ್ಲಿ ಮಳೆಗೆ ನಿಂತು, ಎರಡು ದಿನ ಬಿಟ್ಟು ಮುಗಿದಿತ್ತು.

ತಂಡಕ್ಕೆ 26 ಆಟಗಾರರು. ಪ್ರತಿ ಸರಣಿಗೂ ಹೊಸ ಪಟ್ಟಿ ಕೊಡಬಹುದು. ಸರಣಿಯ ನಡುವೆ ಗಾಯಗೊಂಡವರ ಬದಲಿಗೆ ಇನ್ನೊಬ್ಬರನ್ನು ತರಲು ಅವಕಾಶವಿದೆ, ಆದರೆ ಹೊರಹೋದವರು ಮುಂದಿನ ಸರಣಿಯನ್ನೂ ಆಡುವಂತಿಲ್ಲ.

ಮ್ಯಾಜಿಕ್ ನಂಬರ್ ಲೆಕ್ಕ

ಸೆಪ್ಟೆಂಬರ್‌ನಲ್ಲಿ ಪದೇ ಪದೇ ಕೇಳಿಬರುವ ಮಾತಿದು. ಮುಂದಿರುವ ತಂಡ ಸ್ಥಾನ ಖಚಿತಪಡಿಸಿಕೊಳ್ಳಲು ಅದರ ಗೆಲುವು, ಹಿಂದಿರುವವರ ಸೋಲು ಸೇರಿ ಇನ್ನೆಷ್ಟು ಬೇಕು ಎಂಬ ಲೆಕ್ಕ. ಸೂತ್ರ ಸುಲಭ: 163ರಿಂದ ಮುಂದಿರುವವರ ಗೆಲುವುಗಳನ್ನೂ ಹಿಂದಿರುವವರ ಸೋಲುಗಳನ್ನೂ ಕಳೆಯಿರಿ. ಒಬ್ಬರ ಗೆಲುವು 90, ಇನ್ನೊಬ್ಬರ ಸೋಲು 68 ಆಗಿದ್ದರೆ ಉತ್ತರ 5. ಮುಖಾಮುಖಿ ದಾಖಲೆ ಮುಂದಿರುವವರ ಪರವಾಗಿದ್ದರೆ ಇನ್ನೊಂದು ಕಡಿಮೆ.

ಇಲ್ಲಿಗೆ ಬಂದ ದಾರಿ

1903ರ ಮೊದಲ ವರ್ಲ್ಡ್ ಸೀರೀಸ್ ಒಂಬತ್ತು ಪಂದ್ಯಗಳದ್ದು. ಬಾಸ್ಟನ್ 5–3ರಿಂದ ಪಿಟ್ಸ್‌ಬರ್ಗ್ ತಂಡವನ್ನು ಮಣಿಸಿತು. 1905ರಿಂದ ಏಳು, 1919ರಿಂದ 1921ರವರೆಗೆ ಮಾತ್ರ ಮತ್ತೆ ಒಂಬತ್ತು. 1968ರವರೆಗೂ ಲೀಗ್‌ನ ಅಗ್ರಸ್ಥಾನಿಗಳು ನೇರವಾಗಿ ವರ್ಲ್ಡ್ ಸೀರೀಸ್‌ಗೆ ಹೋಗುತ್ತಿದ್ದರು. 1969ರಲ್ಲಿ ಲೀಗ್ ಚಾಂಪಿಯನ್‌ಷಿಪ್ ಸರಣಿ ಬಂತು. 1995ರಲ್ಲಿ ವೈಲ್ಡ್ ಕಾರ್ಡ್ ತಂಡಗಳು ಮೊದಲ ಬಾರಿ ಪ್ಲೇಆಫ್ ಆಡಿದವು. 2012ರಲ್ಲಿ ಒಂದೇ ಪಂದ್ಯದ ವೈಲ್ಡ್ ಕಾರ್ಡ್ ಸುತ್ತು ಸೇರಿ, 2022ರಲ್ಲಿ ಅದು ಮೂರು ಪಂದ್ಯಗಳಿಗೆ ಹಿಗ್ಗಿತು.

ಚೆನ್ನಾಗಿ ಆಡಿದವರಿಗೆ ಎಷ್ಟು ಅನುಕೂಲ ಕೊಡಬೇಕು ಎಂಬ ಪ್ರಶ್ನೆಗೆ ಏಷ್ಯಾದ ಉತ್ತರಗಳು ಬೇರೆ. ಜಪಾನಿನ ಕ್ಲೈಮ್ಯಾಕ್ಸ್ ಸೀರೀಸ್‌ನ ಅಂತಿಮ ಹಂತದಲ್ಲಿ, ಲೀಗ್ ಗೆದ್ದ ತಂಡಕ್ಕೆ ಆಟ ಶುರುವಾಗುವ ಮುನ್ನವೇ ಗೆಲುವಿನ ಮುನ್ನಡೆಯನ್ನು ಜಮೆ ಮಾಡುವ ಪದ್ಧತಿ ಇದೆ. ದಕ್ಷಿಣ ಕೊರಿಯಾದ ವೈಲ್ಡ್ ಕಾರ್ಡ್ ಸುತ್ತಿನಲ್ಲಿ ನಾಲ್ಕನೇ ಸ್ಥಾನದವರಿಗೆ ಒಂದು ಗೆಲುವು ಅಥವಾ ಡ್ರಾ ಸಾಕು. ಐದನೆಯವರು ಎರಡೂ ಪಂದ್ಯ ಗೆಲ್ಲಬೇಕು. 2015ರಲ್ಲಿ ಶುರುವಾದ ಈ ಪದ್ಧತಿಯಲ್ಲಿ ಐದನೇ ಸ್ಥಾನದ ತಂಡ ಮೊದಲ ಬಾರಿ ದಾಟಿದ್ದು 2024ರಲ್ಲಿ. ಅದು ಕೆಟಿ ವಿಜ್.

ಭಾರತದಿಂದ ನೋಡುವವರಿಗೆ

ಅಕ್ಟೋಬರ್‌ನಲ್ಲಿ ನ್ಯೂಯಾರ್ಕ್ ಅಥವಾ ಟೊರೊಂಟೊದ ರಾತ್ರಿ 8 ಗಂಟೆ ಎಂದರೆ ನಮ್ಮಲ್ಲಿ ಮರುದಿನ ಬೆಳಗಿನ 5.30. ಲಾಸ್ ಏಂಜಲೀಸ್‌ನ ಸಂಜೆ 5 ಗಂಟೆಯೂ ಅದೇ. ನವೆಂಬರ್ ಮೊದಲ ಭಾನುವಾರ ಅಲ್ಲಿ ಗಡಿಯಾರ ಹಿಂದಕ್ಕೆ ಹೋಗುವುದರಿಂದ ಆಮೇಲೆ ಒಂದು ಗಂಟೆ ಸೇರಿಸಿಕೊಳ್ಳಿ. ದಿನಾಂಕವೂ ಒಂದು ದಿನ ಮುಂದೆ: 2025ರ ಏಳನೇ ಪಂದ್ಯ ಅಲ್ಲಿ ನವೆಂಬರ್ 1ರ ರಾತ್ರಿ ನಡೆದರೆ, ಇಲ್ಲಿ ಅದು ರಾಜ್ಯೋತ್ಸವದ ಮಾರನೆಯ ಬೆಳಗಿನ ಆಟ.

ಎಲ್ಲ ಪಂದ್ಯಕ್ಕೂ ಬೇಗ ಏಳಲಾಗದವರು ಸರಣಿಯ ಅಂಕಿ ನೋಡಿ ಆರಿಸಿಕೊಳ್ಳಬಹುದು. ಐದು ಪಂದ್ಯಗಳ ಸರಣಿ 2–2, ಏಳರ ಸರಣಿ 3–3 ಆಗಿದ್ದರೆ ಅಲಾರಂ ಇಡಲೇಬೇಕು. ಏಳರ ಸರಣಿ 3–0 ಆಗಿದ್ದರೆ ನಿಶ್ಚಿಂತೆಯಿಂದ ಮಲಗಬಹುದು. ಅಷ್ಟು ಹಿಂದಿದ್ದು ಸರಣಿ ಗೆದ್ದವರು ಮೇಜರ್ ಲೀಗ್ ಇತಿಹಾಸದಲ್ಲಿ ಒಬ್ಬರೇ, 2004ರಲ್ಲಿ ಯಾಂಕೀಸ್ ವಿರುದ್ಧ ಬಾಸ್ಟನ್ ರೆಡ್ ಸಾಕ್ಸ್.