ಬೀದಿನಾಯಿಗಳೂ ನಗರದ ಆರೋಗ್ಯವೂ

ಮಹಾನಗರಗಳಲ್ಲಿ ಬೀದಿನಾಯಿಗಳ ಸಮಸ್ಯೆ ಇಂದು ನಿನ್ನೆಯದಲ್ಲ. 1832ರಲ್ಲಿ ಮುಂಬಯಿಯ ಬ್ರಿಟಿಷ್ ಆಡಳಿತವು ಬೀದಿನಾಯಿಗಳನ್ನು ಕೊಲ್ಲಿಸಲು ಹೊರಟಾಗ ಪಾರ್ಸಿಗಳು ಅಂಗಡಿಗಳನ್ನು ಮುಚ್ಚಿ ಪ್ರತಿಭಟಿಸಿದರು. ಅದು ಗಲಭೆಗೂ ತಿರುಗಿತು. ಆದರೂ ಮುಂದೆ ಬಹುಕಾಲ ಕೊಲ್ಲುವುದೇ ನಗರಸಭೆಗಳ ಮುಖ್ಯ ಉಪಾಯವಾಗಿ ಉಳಿಯಿತು. ಮದರಾಸಿನಲ್ಲಿ 1990ರ ದಶಕದ ಮೊದಲ ಭಾಗದಲ್ಲಿ ದಿನಕ್ಕೆ ನೂರಕ್ಕೂ ಹೆಚ್ಚು ನಾಯಿಗಳನ್ನು ಕೊಲ್ಲಲಾಗುತ್ತಿತ್ತು. ಹಾಗಿದ್ದೂ ನಾಯಿಗಳಾಗಲಿ ರೇಬೀಸ್ ಭೀತಿಯಾಗಲಿ ತೊಲಗಲಿಲ್ಲ.

ಇದರ ಕಾರಣವನ್ನು ಲೆಕ್ಕದಿಂದಲೇ ತಿಳಿಯಬಹುದು. ಹೆಣ್ಣುನಾಯಿಯ ಗರ್ಭಾವಧಿ ಸುಮಾರು 63 ದಿನ. ಒಂದೊಂದು ಸೂಲಿಗೂ ಹಲವು ಮರಿಗಳು. ಬೀದಿಯಲ್ಲಿ ಎಂಜಲು, ಕಸ ದೊರೆಯುವವರೆಗೆ, ಸತ್ತ ನಾಯಿಯ ಸ್ಥಾನಕ್ಕೆ ಮತ್ತೊಂದು ಬಂದೇ ಬರುತ್ತದೆ. ಜಮೆ ನಿಲ್ಲದಿದ್ದರೆ ಎಷ್ಟು ಖರ್ಚು ಬರೆದರೂ ಶಿಲ್ಕು ಕರಗುವುದಿಲ್ಲ.

ಜಮೆಯನ್ನೇ ತಡೆಯುವ ಉಪಾಯವೆಂದರೆ ಸಂತಾನಹರಣ ಶಸ್ತ್ರಚಿಕಿತ್ಸೆ ಮತ್ತು ರೇಬೀಸ್ ಲಸಿಕೆ. ಮದರಾಸಿನ ಬ್ಲೂ ಕ್ರಾಸ್ ಸಂಸ್ಥೆ ಇದನ್ನು 1964ರಲ್ಲಿಯೇ ಸೂಚಿಸಿತ್ತು. ಅಲ್ಲಿನ ನಗರಪಾಲಿಕೆ ಒಪ್ಪಿದ್ದು 1990ರ ದಶಕದ ನಡುಭಾಗದಲ್ಲಿ. ಜಯಪುರದಲ್ಲಿ 1994ರ ನವೆಂಬರಿನಿಂದ 2002ರ ಕೊನೆಯವರೆಗೆ 24,986 ನಾಯಿಗಳಿಗೆ ಈ ಚಿಕಿತ್ಸೆ ನಡೆಯಿತು. ಯೋಜನೆಯ ಪ್ರದೇಶದಲ್ಲಿ ನಾಯಿಗಳ ಸಂಖ್ಯೆ ಶೇಕಡಾ 28ರಷ್ಟು ಇಳಿಯಿತು. ಮನುಷ್ಯರಲ್ಲಿ ರೇಬೀಸ್ ಪ್ರಕರಣಗಳು ಸೊನ್ನೆಗೆ ಬಂದವು.

2001ರ ನಿಯಮಗಳೂ, ಅವುಗಳ ಸ್ಥಾನದಲ್ಲಿ ಬಂದ 2023ರ ನಿಯಮಗಳೂ ಈ ಮಾರ್ಗವನ್ನೇ ವಿಧಿಸಿವೆ. ಗುಣವಾಗದ ರೋಗ ಅಥವಾ ಮಾರಣಾಂತಿಕ ಗಾಯವಿರುವ ನಾಯಿಗೆ ಮಾತ್ರ ದಯಾಮರಣಕ್ಕೆ ಅವಕಾಶವುಂಟು. ಸ್ಥಳವಿಲ್ಲವೆಂಬ ಕಾರಣಕ್ಕೆ ಕೊಲ್ಲುವುದು ದಯೆಯೆನಿಸದು.

ಈ ಎಚ್ಚರ ಈಗ ಇನ್ನಷ್ಟು ಅವಶ್ಯವಾಗಿದೆ. ದೆಹಲಿಯ ಬೀದಿನಾಯಿಗಳನ್ನೆಲ್ಲ ಆಶ್ರಯಧಾಮಗಳಿಗೆ ಸಾಗಿಸಬೇಕೆಂದು 2025ರ ಆಗಸ್ಟ್ 11ರಂದು ಸರ್ವೋಚ್ಚ ನ್ಯಾಯಾಲಯವು ಆಜ್ಞಾಪಿಸಿತು. ಆಗಸ್ಟ್ 22ರಂದು ಅದನ್ನು ಮಾರ್ಪಡಿಸಿ, ರೇಬೀಸ್ ತಗುಲಿದ ಮತ್ತು ಮೇಲೆರಗುವ ನಾಯಿಗಳ ಹೊರತು ಉಳಿದವನ್ನು ಚಿಕಿತ್ಸೆಯ ಬಳಿಕ ಅವುಗಳ ಸ್ಥಳಕ್ಕೇ ಬಿಡಲು ಹೇಳಿತು. ನವೆಂಬರಿನಲ್ಲಿ ಶಾಲೆ, ಆಸ್ಪತ್ರೆ, ನಿಲ್ದಾಣಗಳಂಥ ಆವರಣಗಳ ನಾಯಿಗಳನ್ನು ಮರಳಿ ಅಲ್ಲಿಗೆ ಬಿಡದೆ ಆಶ್ರಯಧಾಮದಲ್ಲಿಡಲು ಆದೇಶಿಸಿತು. ಕಿಕ್ಕಿರಿದ ಆಶ್ರಯಧಾಮದಲ್ಲಿ ರೋಗ ಬೇಗ ಹರಡುತ್ತದೆ. ಆದುದರಿಂದ ಒಳಬರುವ ನಾಯಿಗಳ ಸಂಖ್ಯೆ ಇಳಿಯಬೇಕು, ಮನೆ ಸೇರುವವುಗಳ ಸಂಖ್ಯೆ ಏರಬೇಕು.

ಇಲ್ಲಿ ನಾಗರಿಕರ ಪಾತ್ರ ಹಿರಿದು. ಸಾಕಿದ ನಾಯಿಗೆ ಸಂತಾನಹರಣ ಮಾಡಿಸಿ ಪ್ರತಿವರ್ಷ ಲಸಿಕೆ ಹಾಕಿಸಬೇಕು. ಕೊರಳಪಟ್ಟಿಯಲ್ಲಿ ವಿಳಾಸವಿದ್ದರೆ ತಪ್ಪಿಸಿಕೊಂಡ ನಾಯಿ ಆಶ್ರಯಧಾಮದ ಬದಲು ಮನೆಗೇ ಮರಳೀತು. ವರ್ಗವಾಗಿ ಬೇರೆ ಊರಿಗೆ ಹೊರಟವರು ಅದನ್ನು ಬೀದಿಗೆ ಬಿಡದೆ ಬೇರೊಂದು ಮನೆಯನ್ನು ಹುಡುಕಿಕೊಡಬೇಕು. ಹಣ ತೆತ್ತು ವಿದೇಶೀ ತಳಿ ತರುವುದಕ್ಕಿಂತ ಆಶ್ರಯಧಾಮದ ನಾಟಿ ಮರಿಯೊಂದನ್ನು ತರುವುದು ಮೇಲು. ಗೃಹಸಂಘಗಳು ಕಸದ ತೊಟ್ಟಿಗಳನ್ನು ಮುಚ್ಚಿಡಲಿ. ಚಿಕಿತ್ಸೆಯಾಗದ ನಾಯಿಗಳ ವಿವರವನ್ನು ಪಾಲಿಕೆಗೆ ತಿಳಿಸಲಿ.

ನಾಯಿ ಕಚ್ಚಿದಾಗ ಗಾಯವನ್ನು ಸಾಬೂನು ಹಚ್ಚಿ ಹರಿಯುವ ನೀರಿನಲ್ಲಿ 15 ನಿಮಿಷ ತೊಳೆದು, ಕೂಡಲೇ ವೈದ್ಯರನ್ನು ಕಾಣಬೇಕು. ಸುಣ್ಣ, ಖಾರದ ಪುಡಿ ಹಚ್ಚಕೂಡದು. ವೈದ್ಯರು ಹೇಳಿದ ಚುಚ್ಚುಮದ್ದುಗಳಲ್ಲಿ ಒಂದನ್ನೂ ತಪ್ಪಿಸಕೂಡದು. ರೇಬೀಸ್ ಲಕ್ಷಣಗಳು ತೋರಿದ ಮೇಲೆ ಬದುಕುವುದು ಅತ್ಯಂತ ವಿರಳ.

ಮಗುವಿನ ಸುರಕ್ಷತೆಯೂ ನಾಯಿಯ ಜೀವವೂ ಪರಸ್ಪರ ವಿರೋಧಿಗಳಲ್ಲ. ಲಸಿಕೆ ಪಡೆದ, ಮರಿ ಹಾಕದ ನಾಯಿಗಳಿರುವ ಬೀದಿಯಲ್ಲಿ ಇಬ್ಬರಿಗೂ ಕ್ಷೇಮ.